ಕೆಫೀನಿಗೆ ಜಗ್ಗದ ಸ್ವಿಚ್ಚು

ಕೆಫೀನ್ ಮತ್ತು ಥಿಯೋಫಿಲಿನ್ ಅಣುಗಳ ಚಿತ್ರವನ್ನು ಬೋರ್ಡಿನ ಮೇಲೆ ಪಕ್ಕಪಕ್ಕ ಬರೆದರೆ, ತರಗತಿಯಲ್ಲಿ ಜಾಸ್ತಿ ಜನ ಎರಡೂ ಒಂದೇ ಅನ್ನುತ್ತಾರೆ. ಇನ್ನೊಂದು ಸಲ ನೋಡಿ ಅಂದಾಗ ಯಾರಾದರೂ ಒಬ್ಬರು ಹಿಡಿಯುತ್ತಾರೆ. ಕೆಫೀನಿನಲ್ಲಿ ಮೂರು ಮೀಥೈಲ್ ಗುಂಪುಗಳಿವೆ, ಥಿಯೋಫಿಲಿನ್‌ನಲ್ಲಿ ಎರಡೇ. ಒಂದು ಕಡೆ ಹೈಡ್ರೋಜನ್ ಇರುವ ಜಾಗದಲ್ಲಿ ಇನ್ನೊಂದು ಕಡೆ ಒಂದು ಕಾರ್ಬನ್, ಅದಕ್ಕೆ ಅಂಟಿದ ಮೂರು ಹೈಡ್ರೋಜನ್. ವ್ಯತ್ಯಾಸ ಅಷ್ಟೇ. ಕೆಫೀನ್ ಬಗ್ಗೆ ಕೊಡಗಿನವರಿಗೆ ನಾನು ಹೇಳಬೇಕಾದ್ದು ಏನೂ ಇಲ್ಲ, ನಮ್ಮ ಹೊಟ್ಟೆಪಾಡೇ ಅದು. ಥಿಯೋಫಿಲಿನ್ ಉಬ್ಬಸದ ಔಷಧಿ. ಡೆರಿಫಿಲಿನ್ ಮಾತ್ರೆ ಗೊತ್ತಲ್ವಾ, ಅದರಲ್ಲಿ ಇರುವ ಎರಡು ಔಷಧಿಗಳಲ್ಲಿ ಒಂದು ಇದೇ.

ಈ ಒಂದು ಮೀಥೈಲ್‌ನಿಂದಲೇ ನಾನು ಈ ವಿಷಯಕ್ಕೆ ಬಿದ್ದದ್ದು. ಆರ್‌ಎನ್‌ಎಯಿಂದ ಮಾಡಿದ ಸ್ವಿಚ್ಚುಗಳು, ಜೀನ್ ಯಾವಾಗ ಕೆಲಸ ಮಾಡಬೇಕು ಯಾವಾಗ ಸುಮ್ನೆ ಇರಬೇಕು ಅಂತ ಹೇಳುವ ಸ್ವಿಚ್ಚುಗಳು. ಇದರ ಬಗ್ಗೆ ಕನ್ನಡದಲ್ಲಿ ಬರೆಯಬೇಕು ಅಂತ ತುಂಬ ದಿನದಿಂದ ಮನಸ್ಸಿನಲ್ಲಿತ್ತು. ಮಳೆ ಹಿಡಿದುಕೊಂಡಿದೆ, ತೋಟದಲ್ಲಿ ಕೆಲಸ ನಿಂತಿದೆ, ಈಗ ಬರೆಯುತ್ತಿದ್ದೇನೆ.

ಮೊದಲು ಆ ಥಿಯೋಫಿಲಿನ್ ಕಥೆ. ಈ ಔಷಧಿಯ ಅಳತೆ ತುಂಬ ಬಿಗಿ. ರಕ್ತದಲ್ಲಿ ಲೀಟರಿಗೆ 10ರಿಂದ 20 ಮಿಲಿಗ್ರಾಂ ಒಳಗೆ ಇರಬೇಕು ಅಂತ ಹಳೆಯ ಲೆಕ್ಕ. ಕಡಿಮೆಯಾದರೆ ಉಬ್ಬಸ ಇಳಿಯುವುದಿಲ್ಲ. ಜಾಸ್ತಿಯಾದರೆ ವಾಂತಿ, ಎದೆ ಡವಡವ, ಇನ್ನೂ ಏರಿದರೆ ಫಿಟ್ಸ್ ಕೂಡ ಬರಬಹುದು. ಹಾಗಾಗಿ ರಕ್ತದಲ್ಲಿ ಎಷ್ಟಿದೆ ಅಂತ ಅಳೆಯಬೇಕು. ಆದರೆ ರೋಗಿ ಬೆಳಿಗ್ಗೆ ಕಾಫಿ ಕುಡಿದು ಬಂದಿದ್ದರೆ? ಅದೇ ರಕ್ತದಲ್ಲಿ ಕೆಫೀನೂ ಇರುತ್ತದೆ, ಪರೀಕ್ಷೆ ಅದನ್ನೇ ಥಿಯೋಫಿಲಿನ್ ಅಂದುಕೊಂಡುಬಿಡಬಹುದು. ಎರಡನ್ನೂ ಸ್ವಲ್ಪವೂ ಗೊಂದಲ ಇಲ್ಲದೆ ಗುರುತಿಸುವ ಒಂದು ವಸ್ತು ಬೇಕಿತ್ತು.

1994ರಲ್ಲಿ ಜೆನಿಸನ್, ಗಿಲ್, ಪಾರ್ಡಿ ಮತ್ತು ಪೊಲಿಸ್ಕಿ ಅನ್ನುವ ನಾಲ್ವರು ಅದನ್ನು ಆರ್‌ಎನ್‌ಎಯಿಂದಲೇ ಮಾಡಿ ತೋರಿಸಿದರು. ಮಾಡಿದ ರೀತಿ ನನಗೆ ಬಹಳ ಇಷ್ಟ. ಆರ್‌ಎನ್‌ಎ ಅಂದರೆ ಎ, ಯು, ಜಿ, ಸಿ ಅನ್ನುವ ನಾಲ್ಕು ಬಗೆಯ ಬಿಡಿಭಾಗಗಳನ್ನು ಸಾಲಾಗಿ ಪೋಣಿಸಿದ ಎಳೆ, ಅವನ್ನೇ ಅಕ್ಷರ ಅನ್ನುತ್ತೇನೆ. ಆ ಅಕ್ಷರಗಳನ್ನು ಹೇಗೆ ಬೇಕೋ ಹಾಗೆ ಜೋಡಿಸಿದ ಕೋಟಿ ಕೋಟಿ ಆರ್‌ಎನ್‌ಎ ತುಂಡುಗಳನ್ನು ತೆಗೆದುಕೊಳ್ಳುವುದು. ಥಿಯೋಫಿಲಿನ್ ಅಂಟಿಸಿದ ಸಣ್ಣ ಸಣ್ಣ ಮಣಿಗಳ ಮೇಲೆ ಅವನ್ನು ಸುರಿಯುವುದು. ಹಿಡಿದುಕೊಂಡವು ಉಳಿಯುತ್ತವೆ, ಮಿಕ್ಕವು ತೊಳೆದು ಹೋಗುತ್ತವೆ. ಆಮೇಲೆ ಅದೇ ಮಣಿಗಳ ಮೇಲೆ ಕೆಫೀನ್ ಹಾಕಿದ ನೀರು ಬಿಡುವುದು. ಕೆಫೀನ್ ಕಂಡು ಯಾವುದು ಕೈ ಬಿಡುತ್ತದೋ ಅದನ್ನು ಎಸೆಯುವುದು. ಕೆಫೀನ್ ಬಂದರೂ ಅಲ್ಲಾಡದೆ ಥಿಯೋಫಿಲಿನ್ನನ್ನೇ ಹಿಡಿದು ಕೂತದ್ದನ್ನು ಮಾತ್ರ ತೆಗೆದು, ಅದರ ಪ್ರತಿಗಳನ್ನು ಮಾಡಿ, ಮತ್ತೆ ಅದೇ ಕೆಲಸ. ಇಂಥ ಆಯ್ಕೆಯ ವಿಧಾನ ಹುಟ್ಟಿದ್ದು 1990ರಲ್ಲಿ. ಅಮೆರಿಕದಲ್ಲಿ ಟ್ಯುರ್ಕ್ ಮತ್ತು ಗೋಲ್ಡ್ ಒಂದು ಕಡೆ, ಎಲಿಂಗ್ಟನ್ ಮತ್ತು ಶೋಸ್ಟಾಕ್ ಇನ್ನೊಂದು ಕಡೆ, ಬೇರೆ ಬೇರೆಯಾಗಿ ಕಂಡುಕೊಂಡರು. ಹೀಗೆ ಆರಿಸಿ ತೆಗೆದ, ಒಂದು ಅಣುವನ್ನು ಹಿಡಿಯಬಲ್ಲ ಆರ್‌ಎನ್‌ಎ ತುಂಡಿಗೆ ಆಪ್ಟಮರ್ ಅನ್ನುತ್ತಾರೆ.

ಕೊನೆಗೆ ಸಿಕ್ಕಿದ ಆಪ್ಟಮರ್ ಕೆಫೀನಿಗಿಂತ ಥಿಯೋಫಿಲಿನ್ನನ್ನು ಸುಮಾರು 10,000 ಪಟ್ಟು ಬಿಗಿಯಾಗಿ ಹಿಡಿಯುತ್ತದೆ. ಮೂವತ್ತು ಚಿಲ್ಲರೆ ಅಕ್ಷರದ ಒಂದು ತುಂಡು! ಆಮೇಲೆ ಅದರ ಆಕಾರ ಬಿಡಿಸಿ ನೋಡಿದಾಗ ಕಾರಣ ಗೊತ್ತಾಯಿತು. ಆರ್‌ಎನ್‌ಎಯ 22ನೇ ಸ್ಥಾನದಲ್ಲಿರುವ ಸಿ ಅಕ್ಷರ ಥಿಯೋಫಿಲಿನ್ ಜೊತೆ ಕೈ ಜೋಡಿಸುತ್ತದೆ. ಕೆಫೀನಿನ ಆ ಹೆಚ್ಚಿನ ಮೀಥೈಲ್ ಸರಿಯಾಗಿ ಅದೇ ಜಾಗದಲ್ಲಿ ಅಡ್ಡ ಬರುತ್ತದೆ. ಒಳಗೆ ಕೂರಲು ಜಾಗವೇ ಇಲ್ಲ.

ಈಗ ಜೀನಿನ ವಿಷಯಕ್ಕೆ ಬರುತ್ತೇನೆ. ಡಿಎನ್‌ಎಯಲ್ಲಿರುವ ಜೀನ್ ನೇರವಾಗಿ ಏನೂ ಮಾಡುವುದಿಲ್ಲ. ಅದರ ಒಂದು ಪ್ರತಿ ಆರ್‌ಎನ್‌ಎಯಾಗಿ ಹೊರಡುತ್ತದೆ, ರೈಬೋಸೋಮ್ ಆ ಪ್ರತಿಯನ್ನು ಓದಿ ಪ್ರೋಟೀನ್ ಕಟ್ಟುತ್ತದೆ. ಇದನ್ನು ತಡೆಯಲು ಅಥವಾ ಬಿಡಲು ಜೀವಕೋಶಗಳು ಸಾಮಾನ್ಯವಾಗಿ ಬೇರೆ ಪ್ರೋಟೀನ್‌ಗಳನ್ನು ಬಳಸುತ್ತವೆ, ಅವು ಹೋಗಿ ಡಿಎನ್‌ಎ ಮೇಲೆ ಕೂರುತ್ತವೆ. ತೋಟದ ಗೇಟಿಗೆ ಒಬ್ಬ ಕಾವಲುಗಾರನನ್ನು ಇಟ್ಟ ಹಾಗೆ. ಅವನಿಗೆ ಕೂಲಿ ಕೊಡಬೇಕು, ಊಟ ಕೊಡಬೇಕು, ಇರಲು ಲೈನ್ ಮನೆ ಬೇಕು. ಆರ್‌ಎನ್‌ಎ ಸ್ವಿಚ್ಚು ಅಂದರೆ ಗೇಟಿಗೇ ಇರುವ ಅಗುಳಿ. ಪ್ರೋಟೀನ್ ಮಾಡಲು ಹೊರಟ ಆ ಆರ್‌ಎನ್‌ಎಯ ಮುಂಭಾಗದಲ್ಲೇ ಅಗುಳಿ ಸೇರಿಕೊಂಡಿರುತ್ತದೆ, ಮಧ್ಯೆ ಇನ್ನೊಬ್ಬರು ಬೇಡ.

ಅದು ಕೆಲಸ ಮಾಡುವುದನ್ನು ಸ್ವಲ್ಪ ಹತ್ತಿರದಿಂದ ನೋಡೋಣ. ಬ್ಯಾಕ್ಟೀರಿಯಾದಲ್ಲಿ ರೈಬೋಸೋಮ್ ಆರ್‌ಎನ್‌ಎ ಮೇಲೆ ಎಲ್ಲೆಂದರಲ್ಲಿ ಹತ್ತುವುದಿಲ್ಲ. ಎಜಿಜಿಎಜಿಜಿ ಅನ್ನುವ ಹಾಗಿನ ಒಂದು ಸಣ್ಣ ಗುರುತು ಹುಡುಕುತ್ತದೆ. ಅದಾದ ಮೇಲೆ ಸ್ವಲ್ಪ ದೂರದಲ್ಲಿ ಎಯುಜಿ, ಅಲ್ಲಿಂದ ಓದು ಶುರು. ಆರ್‌ಎನ್‌ಎಯಲ್ಲಿ ಎ ಅಕ್ಷರ ಯು ಜೊತೆ ಅಂಟುತ್ತದೆ, ಜಿ ಅಕ್ಷರ ಸಿ ಜೊತೆ. ಆದ್ದರಿಂದ ಅದೇ ಆರ್‌ಎನ್‌ಎಯಲ್ಲಿ ಮುಂದೆ ಎಲ್ಲಾದರೂ ಸಿಸಿಯುಸಿಸಿಯು ಅಂತ ಬರೆದಿದ್ದರೆ, ಎಳೆ ತನ್ನ ಮೇಲೆ ತಾನೇ ಮಡಚಿಕೊಂಡು ಆ ಗುರುತನ್ನು ಮುಚ್ಚಿಬಿಡುತ್ತದೆ. ರೈಬೋಸೋಮ್‌ಗೆ ಗುರುತು ಸಿಗದು, ಪ್ರೋಟೀನ್ ಇಲ್ಲ. ಈಗ ಇದರ ಪಕ್ಕದಲ್ಲೇ ಥಿಯೋಫಿಲಿನ್ ಆಪ್ಟಮರ್ ಜೋಡಿಸಿ. ಥಿಯೋಫಿಲಿನ್ ಬಂದು ಕೂತಾಗ ಆಪ್ಟಮರ್ ಬಿಗಿಯಾಗಿ ಒಂದು ಆಕಾರಕ್ಕೆ ಬರುತ್ತದೆ, ಅದರ ಜೊತೆ ಹಳೆಯ ಮಡಿಕೆ ಬಿಚ್ಚಿ ಇನ್ನೊಂದು ಮಡಿಕೆ ಬೀಳುತ್ತದೆ, ಗುರುತು ಹೊರಗೆ ಬರುತ್ತದೆ. ಸ್ವಿಚ್ಚು ಆನ್.

ಇದನ್ನು ಮನುಷ್ಯ ಮೊದಲು ಯೋಚಿಸಿದ್ದು ಅನ್ನಬೇಡಿ. ಪ್ರಕೃತಿ ಯಾವತ್ತೋ ಮಾಡಿಟ್ಟಿದೆ. 2002ರಲ್ಲಿ ಯೇಲ್ ವಿಶ್ವವಿದ್ಯಾಲಯದ ರೊನಾಲ್ಡ್ ಬ್ರೇಕರ್ ತಂಡ, ಅದೇ ವರ್ಷ ನ್ಯೂಯಾರ್ಕಿನ ಎವ್ಗೆನಿ ನುಡ್ಲರ್ ತಂಡ, ಬ್ಯಾಕ್ಟೀರಿಯಾಗಳಲ್ಲಿ ಇಂಥ ಸ್ವಿಚ್ಚುಗಳನ್ನು ಕಂಡುಹಿಡಿದವು. ಬಿ1 ವಿಟಮಿನ್ ಸಾಕಷ್ಟಿದ್ದರೆ ಅದರಿಂದಾದ ಅಣುವೇ ಹೋಗಿ ಆರ್‌ಎನ್‌ಎ ಮೇಲೆ ಕೂತು, ಇನ್ನು ಮಾಡುವುದು ಸಾಕು ಅಂತ ನಿಲ್ಲಿಸುತ್ತದೆ. ಮರುವರ್ಷ ಅದೇ ಬಿ1 ಸ್ವಿಚ್ಚು ಗಿಡಗಳಲ್ಲೂ ಸಿಕ್ಕಿತು, ಭತ್ತದಲ್ಲೂ. ನಮ್ಮ ಗದ್ದೆಯಲ್ಲಿ ನಿಂತ ಪೈರಿನ ಒಂದೊಂದು ಎಲೆಯೊಳಗೂ ಈ ಮಡಿಕೆ ಬಿಚ್ಚುತ್ತ ಮುಚ್ಚುತ್ತ ಇದೆ ಅಂದರೆ ನನಗೆ ಇವತ್ತಿಗೂ ಮೈ ಜುಮ್ಮೆನ್ನುತ್ತದೆ.

ಮನುಷ್ಯ ಕಟ್ಟಿದ ಸ್ವಿಚ್ಚುಗಳಲ್ಲಿ ನನ್ನ ಅಚ್ಚುಮೆಚ್ಚಿನದು ಎಮೊರಿ ವಿಶ್ವವಿದ್ಯಾಲಯದ ಜಸ್ಟಿನ್ ಗ್ಯಾಲಿವನ್ ತಂಡದ್ದು. ಈಜುವ ಇ ಕೊಲೈ ಬ್ಯಾಕ್ಟೀರಿಯಾಕ್ಕೆ ನೇರವಾಗಿ ಮುಂದೆ ಹೋಗಲು ಚೆಝಡ್ ಅನ್ನುವ ಒಂದು ಪ್ರೋಟೀನ್ ಬೇಕು. ಅದಿಲ್ಲದಿದ್ದರೆ ಇದ್ದಲ್ಲೇ ಲಾಗ ಹೊಡೆಯುತ್ತ ಇರುತ್ತದೆ. ಇವರು ಆ ಜೀನಿನ ಆರ್‌ಎನ್‌ಎಗೆ ಥಿಯೋಫಿಲಿನ್ ಸ್ವಿಚ್ಚು ಸೇರಿಸಿದರು. 2007ರಲ್ಲಿ ಅದರ ಫಲಿತಾಂಶ ಬಂತು. ಥಿಯೋಫಿಲಿನ್ ಇರುವ ಕಡೆ ಬ್ಯಾಕ್ಟೀರಿಯಾ ಹರಡಿಕೊಂಡು ಹೊರಡುತ್ತದೆ. ಕೆಫೀನ್ ಹಾಕಿದರೆ ಕದಲುವುದಿಲ್ಲ. ಒಂದು ಮೀಥೈಲ್ ವ್ಯತ್ಯಾಸವನ್ನು ಒಂದು ಜೀವಿಯ ನಡಿಗೆಯಲ್ಲಿ ಬರಿಗಣ್ಣಿಂದ ನೋಡಬಹುದು, ಯೋಚಿಸಿ! ಮುಂದೆ 2010ರಲ್ಲಿ ಅದೇ ತಂಡ ಅಟ್ರಜಿನ್ ಅನ್ನುವ ಕಳೆನಾಶಕವನ್ನು ಹಿಡಿಯುವ ಸ್ವಿಚ್ಚು ಮಾಡಿ, ಆ ವಿಷವನ್ನು ಹುಡುಕಿಕೊಂಡು ಹೋಗಿ ಒಡೆಯುವ ಬ್ಯಾಕ್ಟೀರಿಯಾ ತಯಾರಿಸಿತು. ಕಳೆಗೆ ಮದ್ದು ಹೊಡೆದ ತೋಟದಿಂದ ನೀರು ಹೊಳೆಗೆ ಇಳಿಯುವುದನ್ನು ನೋಡುವ ನಮ್ಮಂಥವರಿಗೆ ಇದು ಸುಮ್ನೆ ಓದಿ ಬಿಡುವ ಸುದ್ದಿ ಅಲ್ಲ.

ಆದರೆ ನಿಜವಾದ ಕಷ್ಟ ಎಲ್ಲಿದೆ ಅಂತ ಹೇಳಬೇಕು. ಇದರ ಬಗ್ಗೆ ಬರೆಯುವವರು ಜಾಸ್ತಿ ಮಂದಿ ಅಲ್ಲಿಗೆ ಬರುವ ಮುಂಚೆಯೇ ನಿಲ್ಲಿಸುತ್ತಾರೆ. ಆರ್‌ಎನ್‌ಎ ಮಡಿಕೆ ಬರೆಯುವುದು ಈಗ ಕಂಪ್ಯೂಟರ್ ಸಹಾಯದಿಂದ ಸಾಕಷ್ಟು ಕೈವಶವಾಗಿದೆ. ಸ್ವಿಚ್ಚನ್ನು ಒತ್ತಲು ಯಾವ ಅಣು ಬಳಸಬೇಕು ಅನ್ನುವುದೇ ಗಂಟು. ಥಿಯೋಫಿಲಿನ್ನನ್ನೇ ನೋಡಿ. ಲ್ಯಾಬಿನಲ್ಲಿ ಬ್ಯಾಕ್ಟೀರಿಯಾಕ್ಕೆ ಒಂದು ಮಿಲಿಮೋಲಾರ್ ಹಾಕುವುದು ಸಾಮಾನ್ಯ. ಅಂದರೆ ಲೀಟರಿಗೆ 180 ಮಿಲಿಗ್ರಾಂ. ಮನುಷ್ಯನ ರಕ್ತದಲ್ಲಿ ಮೇಲಿನ ಮಿತಿ 20 ಮಿಲಿಗ್ರಾಂ ಅಂತ ಆಗಲೇ ಹೇಳಿದೆ. ಒಂಬತ್ತು ಪಟ್ಟು! ಲ್ಯಾಬಿನಲ್ಲಿ ಚೆನ್ನಾಗಿ ನಡೆಯುವ ಸ್ವಿಚ್ಚನ್ನು ಮನುಷ್ಯನೊಳಗೆ ಇಡುವ ಹಾಗೇ ಇಲ್ಲ. ಇಟ್ಟರೂ ಒತ್ತುವ ಹಾಗಿಲ್ಲ.

ಮನುಷ್ಯನೊಳಗೆ ಯಾಕೆ ಇಡಬೇಕು ಅಂದರೆ, ಜೀನ್ ಚಿಕಿತ್ಸೆಗೆ. ಕೆಟ್ಟ ಜೀನ್ ಇರುವವರಿಗೆ ಒಳ್ಳೆಯ ಜೀನನ್ನು ಒಂದು ನಿರಪಾಯ ವೈರಸ್ಸಿನ ಕವಚದಲ್ಲಿಟ್ಟು ಕೊಡುತ್ತಾರೆ. ಒಮ್ಮೆ ಒಳಗೆ ಹೋದ ಮೇಲೆ ಅದು ತನ್ನ ಪಾಡಿಗೆ ಪ್ರೋಟೀನ್ ಮಾಡುತ್ತ ಹೋಗುತ್ತದೆ. ಜಾಸ್ತಿಯಾದರೆ ಕಡಿಮೆ ಮಾಡುವುದು ಹೇಗೆ? ಎಎವಿ ಅನ್ನುವ ಆ ಕವಚದಲ್ಲಿ ಸುಮಾರು 4,700 ಅಕ್ಷರಗಳಿಗೆ ಮಾತ್ರ ಜಾಗ. ಪ್ರೋಟೀನ್ ಕಾವಲುಗಾರನನ್ನೂ ಅದರೊಳಗೆ ತುರುಕಿದರೆ ಜೀನಿಗೇ ಜಾಗ ಸಾಲದು. ಮೇಲಾಗಿ ಹೊರಗಿನ ಪ್ರೋಟೀನ್ ಕಂಡರೆ ದೇಹ ತಿರುಗಿ ಬೀಳಬಹುದು. ಆರ್‌ಎನ್‌ಎ ಸ್ವಿಚ್ಚಿಗೆ ನೂರು, ಇನ್ನೂರು ಅಕ್ಷರ ಸಾಕು, ಪ್ರೋಟೀನ್ ಇಲ್ಲವೇ ಇಲ್ಲ. 2004ರಲ್ಲಿ ಲೈಸಿಂಗ್ ಯೆನ್ ಮತ್ತು ಜೊತೆಯವರು ತನ್ನನ್ನು ತಾನೇ ಕತ್ತರಿಸಿಕೊಳ್ಳುವ ಆರ್‌ಎನ್‌ಎಯನ್ನು ಇಲಿಗಳಲ್ಲಿ ಇಟ್ಟು ತೋರಿಸಿದರು. ಔಷಧಿ ಕೊಟ್ಟರೆ ಕತ್ತರಿಸುವುದು ನಿಲ್ಲುತ್ತದೆ, ಜೀನ್ ಕೆಲಸ ಮಾಡುತ್ತದೆ. ಆದರೆ ಅದರಲ್ಲಿ ಬಳಸಿದ ಒಂದು ಔಷಧಿ ಟೊಯೊಕಾಮೈಸಿನ್, ಅದು ಜೀವಕೋಶಕ್ಕೇ ವಿಷ. ನೋಡಿ, ಮತ್ತೆ ಅದೇ ಗಂಟು.

2024ರಲ್ಲಿ ಯೆನ್ ಅವರ ತಂಡವೇ ಇದಕ್ಕೊಂದು ದಾರಿ ಹಿಡಿಯಿತು. ಈ ಸಲ ಒತ್ತುವ ಅಣು ಟೆಟ್ರಾಸೈಕ್ಲಿನ್. ಹಳೆಯ ಆಂಟಿಬಯೋಟಿಕ್, ಯಾವ ಮೆಡಿಕಲ್ ಅಂಗಡಿಗೂ ಹೊಸದಲ್ಲ. ಅದನ್ನು ಹಿಡಿಯುವ ಆಪ್ಟಮರನ್ನು ಜೀನಿನ ಮುಂದೆ ಜಾಣತನದಿಂದ ಕೂರಿಸಿ, ಪ್ರೋಟೀನ್ ಪ್ರಮಾಣವನ್ನು ಸುಮಾರು 900 ಪಟ್ಟು ಏರಿಸಬಹುದು ಅಂತ ತೋರಿಸಿದರು. ಬೇಕಾದ ಟೆಟ್ರಾಸೈಕ್ಲಿನ್, ಮನುಷ್ಯರಿಗೆ ಈಗಾಗಲೇ ಒಪ್ಪಿಗೆ ಇರುವ ಅಳತೆಯ ಒಳಗೇ. ಇಲಿಗಳಲ್ಲೂ ಸ್ವಿಚ್ಚು ನಡೆಯಿತು. ಇದು ನನ್ನ ಪ್ರಕಾರ ಇಡೀ ಇಪ್ಪತ್ತು ವರ್ಷದ ಓಟದಲ್ಲಿ ದೊಡ್ಡ ಹೆಜ್ಜೆ.

ಇಲ್ಲಿ ಕಾಫಿಯವರು ಒಂದು ಪ್ರಶ್ನೆ ಕೇಳಿಯೇ ಕೇಳುತ್ತಾರೆ. ಕೆಫೀನಿನಿಂದಲೇ ಒತ್ತಬಹುದಲ್ವಾ? ಮಾಡಿದ್ದಾರೆ. ಸ್ವಿಟ್ಜರ್ಲೆಂಡಿನ ಮಾರ್ಟಿನ್ ಫುಸೆನೆಗರ್ ತಂಡ 2018ರಲ್ಲಿ ಸಕ್ಕರೆ ಕಾಯಿಲೆಯ ಇಲಿಗಳಿಗೆ ಕಾಫಿ ಕೊಟ್ಟು, ಸಕ್ಕರೆ ಇಳಿಸುವ ಹಾರ್ಮೋನಿನ ಜೀನನ್ನು ಆನ್ ಮಾಡಿತು. ಓದಲು ಖುಷಿ. ಅದು ಆರ್‌ಎನ್‌ಎ ಸ್ವಿಚ್ಚಲ್ಲ, ಒಂಟೆ ಜಾತಿಯ ಪ್ರಾಣಿಯ ಆಂಟಿಬಾಡಿಯಿಂದ ಮಾಡಿದ ಪ್ರೋಟೀನ್ ಸ್ವಿಚ್ಚು, ಅದು ಬೇರೆ ಮಾತು. ಆದರೆ ನನಗೆ ಕೆಫೀನ್ ಮೇಲೆ ಅಷ್ಟು ನಂಬಿಕೆ ಬರುವುದಿಲ್ಲ. ನಮ್ಮ ಕಡೆ ಯಾರ ಮನೆಗೆ ಹೋದರೂ ಮೊದಲು ಕಾಫಿ ಮುಂದೆ ಬರುತ್ತದೆ, ಬೇಡ ಅನ್ನುವ ಹಾಗಿಲ್ಲ. ಒಂದು ಮದುವೆ, ಒಂದು ತಿಥಿ, ಎರಡು ನೆಂಟರ ಮನೆ ಮುಗಿಯುವಷ್ಟರಲ್ಲಿ ಒಳಗಿನ ಸ್ವಿಚ್ಚು ಎಷ್ಟು ಸಲ ಒತ್ತಿದ ಹಾಗಾಯಿತು! ಒತ್ತುವ ಅಣು ದಾರಿಯಲ್ಲಿ ಆಕಸ್ಮಿಕವಾಗಿ ಸಿಗುವಂಥದ್ದು ಆಗಬಾರದು. ಆ ದೃಷ್ಟಿಯಿಂದ ಕೆಫೀನಿಗೆ ಜಗ್ಗದ ಆ 1994ರ ಆಪ್ಟಮರ್ ಎಷ್ಟು ದೊಡ್ಡ ಕೆಲಸ ಅಂತ ಗೊತ್ತಾಗುತ್ತದೆ. ಅದಕ್ಕೂ ಒಂದು ಸಣ್ಣ ತೊಡಕಿದೆ. ನಾವು ಕುಡಿದ ಕೆಫೀನಿನಲ್ಲಿ ನೂರಕ್ಕೆ ನಾಲ್ಕರಷ್ಟನ್ನು ನಮ್ಮ ಯಕೃತ್ತೇ ಥಿಯೋಫಿಲಿನ್ ಮಾಡುತ್ತದೆ. ಕಾಫಿ ಗಿಡ ಕೂಡ ಎಲೆಯಲ್ಲಿ ಕೆಫೀನನ್ನು ಒಡೆಯುವ ದಾರಿಯಲ್ಲಿ ಥಿಯೋಫಿಲಿನ್ ಹುಟ್ಟುತ್ತದೆ. ಜರ್ಮನಿಯಲ್ಲಿ 2010ರಲ್ಲಿ ಹೊಗೆಸೊಪ್ಪಿನ ಗಿಡದ ಹಸಿರುಕಣದೊಳಗೆ ಥಿಯೋಫಿಲಿನ್ ಸ್ವಿಚ್ಚು ಇಟ್ಟು ಗೆದ್ದಿದ್ದಾರೆ. ಅದನ್ನೇ ನಮ್ಮ ರೊಬಸ್ಟಾಕ್ಕೆ ತರುತ್ತೇನೆ ಅಂದರೆ ಮೊದಲು ಈ ಲೆಕ್ಕ ಹಾಕಬೇಕು.

ಹಾಗಾದರೆ ಒತ್ತುವ ಅಣುವಿನ ತಾಪತ್ರಯವೇ ಇಲ್ಲದ ಕೆಲಸ ಯಾವುದು? ಪತ್ತೆ ಹಚ್ಚುವ ಕೆಲಸ. ಅಲ್ಲಿ ನಾವು ಹುಡುಕುತ್ತಿರುವ ವಸ್ತುವೇ ಸ್ವಿಚ್ಚು ಒತ್ತುತ್ತದೆ. ಫ್ಲೋರೈಡ್ ಹಿಡಿಯುವ ಸ್ವಿಚ್ಚನ್ನು ಬ್ರೇಕರ್ ತಂಡ 2012ರಲ್ಲಿ ಬ್ಯಾಕ್ಟೀರಿಯಾದಲ್ಲೇ ಕಂಡಿತು. ಜೂಲಿಯಸ್ ಲಕ್ಸ್ ತಂಡ 2020ರಲ್ಲಿ ಅದನ್ನು ಒಂದು ಹನಿ ನೀರಿನ ಪರೀಕ್ಷೆ ಮಾಡಿ ಕೋಸ್ಟರಿಕಾದಲ್ಲಿ ಹೊರಗೆ ಹಳ್ಳಿ ನೀರಿಗೆ ಹಿಡಿದು ನೋಡಿತು. ಪಾವಗಡ, ಕೋಲಾರ, ಚಿಕ್ಕಬಳ್ಳಾಪುರದ ಕೊಳವೆಬಾವಿ ನೀರಿನ ಕಥೆ ಗೊತ್ತಿರುವವರಿಗೆ ಇದರ ಬೆಲೆ ಬಿಡಿಸಿ ಹೇಳಬೇಕಿಲ್ಲ.

ನಮಗೆ ಇನ್ನೂ ಹತ್ತಿರದ್ದು ಟೋಹೋಲ್ಡ್ ಸ್ವಿಚ್ಚು. ಅಲೆಕ್ಸಾಂಡರ್ ಗ್ರೀನ್, ಜೇಮ್ಸ್ ಕಾಲಿನ್ಸ್, ಪೆಂಗ್ ಯಿನ್ ಮತ್ತು ಜೊತೆಯವರು 2014ರಲ್ಲಿ ಮಾಡಿದ್ದು. ಇದನ್ನು ಒತ್ತುವುದು ಇನ್ನೊಂದು ಆರ್‌ಎನ್‌ಎ. ಮಡಚಿಕೊಂಡ ಭಾಗದ ಮುಂದೆ ಒಂದು ಸಡಿಲ ಬಾಲ ಬಿಟ್ಟಿರುತ್ತಾರೆ. ಹುಡುಕುತ್ತಿರುವ ಆರ್‌ಎನ್‌ಎ ಬಂದರೆ ಮೊದಲು ಆ ಬಾಲಕ್ಕೆ ಅಂಟುತ್ತದೆ, ಅಲ್ಲಿಂದ ಅಕ್ಷರ ಅಕ್ಷರವಾಗಿ ಮಡಿಕೆಯನ್ನು ಬಿಚ್ಚುತ್ತ ಒಳಗೆ ಹೋಗುತ್ತದೆ, ಕೊನೆಗೆ ರೈಬೋಸೋಮ್ ಕೂರುವ ಜಾಗ ತೆರೆಯುತ್ತದೆ. ಆಪ್ಟಮರ್ ಹುಡುಕುತ್ತ ಕೂರಬೇಕಿಲ್ಲ. ಯಾವ ಆರ್‌ಎನ್‌ಎ ಬೇಕೋ ಅದರ ಅಕ್ಷರ ಗೊತ್ತಿದ್ದರೆ ಸರಿ, ಅದಕ್ಕೆ ತಕ್ಕ ಸ್ವಿಚ್ಚು ಬರೆಯಬಹುದು. ಅದೇ ವರ್ಷ ಕೀತ್ ಪಾರ್ಡಿ (1994ರ ಪಾರ್ಡಿ ಅಲ್ಲ, ಬೇರೆಯವರು) ಮತ್ತು ಕಾಲಿನ್ಸ್ ಇದನ್ನು ಕಾಗದಕ್ಕೆ ಇಳಿಸಿದರು. ಜೀವಕೋಶ ಒಡೆದು ತೆಗೆದ ರಸ, ಅದರಲ್ಲಿ ರೈಬೋಸೋಮ್ ಮುಂತಾದ ಸಾಮಾನೆಲ್ಲ ಇರುತ್ತದೆ, ಅದನ್ನು ಸ್ವಿಚ್ಚಿನ ಜೊತೆ ಕಾಗದದ ಚುಕ್ಕಿಯ ಮೇಲೆ ಹಾಕಿ ಹೆಪ್ಪುಗಟ್ಟಿಸಿ ಒಣಗಿಸುವುದು. ಬೇಕಾದಾಗ ಮಾದರಿಯ ನೀರು ಹಾಕಿದರೆ ಎಲ್ಲ ಮತ್ತೆ ಶುರುವಾಗುತ್ತದೆ, ಹಳದಿ ಚುಕ್ಕಿ ನೇರಳೆಯಾಗುತ್ತದೆ. ಮೊದಲು ಎಬೋಲಾ ಆರ್‌ಎನ್‌ಎಗೆ ಮಾಡಿ ತೋರಿಸಿದರು, 2016ರಲ್ಲಿ ಜೀಕಾ ವೈರಸ್ಸಿಗೆ.

ಇದನ್ನು ಓದಿದಾಗಿನಿಂದ ನನ್ನ ತಲೆಯಲ್ಲಿ ಇರುವುದು ಏಲಕ್ಕಿಯ ಕಟ್ಟೆ ರೋಗ. ಗಾಳಿಬೀಡು, ಭಾಗಮಂಡಲದ ಕಡೆ ಏಲಕ್ಕಿ ಮಲೆ ಇದ್ದವರಿಗೆ ಈ ಹೆಸರು ಕೇಳಿದರೆ ಸಾಕು. ಎಳೆ ಎಲೆಯಲ್ಲಿ ನರಗಳ ಉದ್ದಕ್ಕೆ ತಿಳಿ ಹಸಿರು ಗೀರು, ಬಿಟ್ಟು ಬಿಟ್ಟು ಬರುತ್ತದೆ. ಆಮೇಲೆ ಗಿಡ ವರ್ಷದಿಂದ ವರ್ಷಕ್ಕೆ ಕುಗ್ಗುತ್ತದೆ, ಕಾಯಿ ಇಳಿಯುತ್ತದೆ, ಬುಡವೇ ಹೋಗುತ್ತದೆ. ಮದ್ದಿಲ್ಲ, ಕಿತ್ತು ಹಾಕುವುದೊಂದೇ. ರೋಗವನ್ನು ಗಿಡದಿಂದ ಗಿಡಕ್ಕೆ ಹರಡುವುದು ಗಿಡಹೇನು. ಬೀಜದಿಂದ ಬರುವುದಿಲ್ಲ, ಆದರೆ ರೋಗದ ಬುಡದಿಂದ ನೆಡಲು ತೆಗೆದ ಕಂದಿನಲ್ಲಿ, ಅಂದರೆ ಮರಿಯಲ್ಲಿ, ಬಂದೇ ಬರುತ್ತದೆ. ಕಟ್ಟೆ ತರುವ ವೈರಸ್ಸು ಆರ್‌ಎನ್‌ಎ ವೈರಸ್ಸು. ಎಳೆ ಎಲೆ ಬಿಚ್ಚದೆ ಸಿಕ್ಕಿಹಾಕಿಕೊಂಡು ಕೊಕ್ಕೆಯ ಹಾಗೆ ಬಾಗುವ ಕೊಕ್ಕೆ ಕಂದು ರೋಗದ್ದೂ ಅಷ್ಟೇ.

ಒಬ್ಬರು ಮಾವ ನನ್ನ ಹತ್ತಿರ ಕೇಳಿದ್ದು ಇಷ್ಟೇ: "ಗೀರು ಕಂಡ ಮೇಲೆ ನಮಗೂ ಗೊತ್ತಾಗುತ್ತದೆ ಮಗ. ಕಂದು ತೆಗೆಯುವ ಮುಂಚೆ ಗೊತ್ತಾಗುವ ಹಾಗೆ ಏನಾದರೂ ಇದೆಯಾ?" ಸರಿಯಾದ ಪ್ರಶ್ನೆ. ಆರ್‌ಟಿ-ಪಿಸಿಆರ್ ಇದೆ, ಕೋವಿಡ್ ಕಾಲದಿಂದ ಆ ಹೆಸರು ಎಲ್ಲರಿಗೂ ಗೊತ್ತು. ಆದರೆ ಅದಕ್ಕೆ ಲ್ಯಾಬು ಬೇಕು, ಯಂತ್ರ ಬೇಕು, ಎಲೆ ಅಲ್ಲಿಗೆ ಹೋಗಬೇಕು. ಕಂದು ತೆಗೆಯುವ ದಿನ ಮಲೆಯಲ್ಲೇ ನಿಂತು ನೋಡುವ ಕಾಗದದ ಚುಕ್ಕಿ ಬೇರೆಯೇ ಮಾತು.

ಸುಲಭ ಅಂತ ನಾನು ಹೇಳುತ್ತಿಲ್ಲ. ಏಲಕ್ಕಿ ಎಲೆ ಅರೆದರೆ ಬರುವ ರಸದಲ್ಲಿ ಆರ್‌ಎನ್‌ಎ ತಿನ್ನುವ ಕಿಣ್ವಗಳೂ, ಪರೀಕ್ಷೆ ಕೆಡಿಸುವ ಒಗರು ಪದಾರ್ಥಗಳೂ ಇರುತ್ತವೆ. ಲಕ್ಷಣ ಕಾಣುವ ಮುಂಚೆ ವೈರಸ್ ಕಡಿಮೆ ಇರುತ್ತದೆ, ಆದ್ದರಿಂದ ಜೀಕಾ ಪರೀಕ್ಷೆಯಲ್ಲಿ ಮಾಡಿದ ಹಾಗೆ ಮೊದಲು ಅದರ ಆರ್‌ಎನ್‌ಎಯನ್ನು ಒಂದೇ ಬಿಸಿಯಲ್ಲಿಟ್ಟು ಹೆಚ್ಚಿಸಿಕೊಳ್ಳಬೇಕು. ಒಣಗಿಸಿದ ಕಾಗದಕ್ಕೆ ತೇವ ತಾಗಬಾರದು. ಜುಲೈ ತಿಂಗಳಲ್ಲಿ ಬೆಂಕಿಪೊಟ್ಟಣವೇ ಹೊತ್ತಿಕೊಳ್ಳದ ನಮ್ಮ ಊರಲ್ಲಿ ಅದನ್ನು ಹೇಗೆ ಕಾಪಾಡುವುದು ಅನ್ನುವುದಕ್ಕೆ ಗಟ್ಟಿ ಪೊಟ್ಟಣ, ಒಳಗೆ ತೇವ ಹೀರುವ ಪುಡಿ, ಇಷ್ಟಾದರೂ ಬೇಕು. ಒಂದು ಸಮಾಧಾನ ಏನೆಂದರೆ, ಈ ಕಾಗದದಲ್ಲಿ ಜೀವಂತ ಬ್ಯಾಕ್ಟೀರಿಯಾ ಇಲ್ಲ. ಬೆಳೆಯುವಂಥದ್ದು, ತೋಟಕ್ಕೆ ಹರಡುವಂಥದ್ದು ಏನೂ ಇಲ್ಲ. ಕುಲಾಂತರಿ ಅಂದರೆ ಹೆದರುವ ನಮ್ಮ ಬೆಳೆಗಾರರಿಗೆ ಇದನ್ನು ಧೈರ್ಯವಾಗಿ ಹೇಳಬಹುದು.

ಅಪ್ಪಂಗಳದಲ್ಲಿ ಏಲಕ್ಕಿ ಮೇಲೆ ಕೆಲಸ ಮಾಡುವ ಸಂಶೋಧನಾ ಕೇಂದ್ರ ಇದೆ. ಪೊನ್ನಂಪೇಟೆಯಲ್ಲಿ ಅರಣ್ಯ ಕಾಲೇಜಿದೆ. ಮೈಸೂರು, ಬೆಂಗಳೂರಿನಲ್ಲಿ ಬಯೋಟೆಕ್ನಾಲಜಿ ಓದುತ್ತಿರುವ ನಮ್ಮ ಕಡೆಯ ಮಕ್ಕಳು ಎಷ್ಟೋ ಜನ ಇದ್ದಾರೆ, ಪ್ರಾಜೆಕ್ಟಿಗೆ ವಿಷಯ ಹುಡುಕುತ್ತ ಇರುತ್ತಾರೆ. ಯಾರಾದರೂ ಇದನ್ನು ಕೈಗೆತ್ತಿಕೊಳ್ಳುವುದಾದರೆ ಶುರು ಮಾಡಬೇಕಾದ್ದು ವೈರಸ್ಸಿನ ಕವಚ ಪ್ರೋಟೀನಿನ ಜೀನಿನಿಂದ. ಬೇರೆ ಬೇರೆ ತೋಟದ ಮಾದರಿಗಳಲ್ಲಿ ಅದರ ಯಾವ ಮೂವತ್ತು ಅಕ್ಷರ ಬದಲಾಗದೆ ಉಳಿದಿದೆ ಅಂತ ಮೊದಲು ನೋಡಿ, ಸ್ವಿಚ್ಚನ್ನು ಅದಕ್ಕೆ ಬರೆಯಿರಿ. ರೋಗದ ಎಲೆ, ರೋಗ ಇಲ್ಲದ ಎಲೆ, ಇನ್ನೂ ಗೀರು ಬಾರದ ಅನುಮಾನದ ಎಲೆ, ಮೂರನ್ನೂ ಮಾವನ ಮಲೆಯಿಂದ ಕೊಡಿಸುವ ಜವಾಬ್ದಾರಿ ನನ್ನದು. ಮಳೆ ಸ್ವಲ್ಪ ಬಿಡುವು ಕೊಟ್ಟ ಮೇಲೆ ಬನ್ನಿ, ಗಾಳಿಬೀಡಿನವರೆಗೆ ಜೀಪು ಹೋಗುತ್ತದೆ.